ನೇಣು ಹಾಕಲು ಬಂದ ಕವಿ: ಮೈಲ್ಸ್ ಮ್ಯಾಲೆಸನ್ ಕುರಿತು ಓದುಗರ ಪ್ರಶ್ನೆಗಳು

ಕಳೆದ ಸಂಚಿಕೆಯಲ್ಲಿ ಮೈಸೂರು ಸೀಮೆಯ ಬಾಲನಟ ಸಾಬು ಬಗ್ಗೆ ಓದುಗರೊಬ್ಬರಿಗೆ ಉತ್ತರಿಸುವಾಗ, ‘ದಿ ಥೀಫ್ ಆಫ್ ಬಾಗ್ದಾದ್’ ಚಿತ್ರದಲ್ಲಿ ಬಸ್ರಾದ ಸುಲ್ತಾನನ ವೇಷ ಹಾಕಿದವರೇ ಆ ಚಿತ್ರದ ಸಂಭಾಷಣೆಯನ್ನೂ ಬರೆದವರು ಎಂದು ಒಂದು ಸಾಲು ಬರೆದು ಮುಂದೆ ಹೋಗಿದ್ದೆ. ಹೆಸರನ್ನೂ ಹೇಳಿರಲಿಲ್ಲ. ಆ ಒಂದು ಸಾಲನ್ನು ಹಿಡಿದುಕೊಂಡು ಮುಂಬಯಿಯ ಉಪನಗರಗಳಿಂದ, ಪುಣೆಯಿಂದ, ಮಡಗಾಂವ್‌ನಿಂದ ಪತ್ರಗಳು ಬಂದಿವೆ. ಅವರ ಹೆಸರು ಮೈಲ್ಸ್ ಮ್ಯಾಲೆಸನ್. ಈ ಸಲದ ಅಂಕಣವನ್ನು ಅವರೊಬ್ಬರಿಗೇ ಮೀಸಲಿಟ್ಟಿದ್ದೇನೆ.

ಪ್ರಶ್ನೆ (ಡೊಂಬಿವಲಿಯಿಂದ): ನಟರೇ ಸಂಭಾಷಣೆ ಬರೆಯುವುದು ನಮ್ಮ ಕಂಪನಿ ನಾಟಕಗಳಲ್ಲಿ ಹೊಸದೇನಲ್ಲ. ಆದರೆ ಅಷ್ಟು ದೊಡ್ಡ ಚಿತ್ರಕ್ಕೆ ಬರೆದವರು ಅದರಲ್ಲಿ ಇಷ್ಟು ಸಣ್ಣ ಪಾತ್ರವನ್ನು ಏಕೆ ಒಪ್ಪಿಕೊಂಡರು? ಅವರು ಮೂಲತಃ ನಟರೋ ಬರಹಗಾರರೋ?

ಉತ್ತರ: ಎರಡೂ ಹೌದು. ಅವರ ಬದುಕಿನಲ್ಲಿ ಈ ಎರಡು ಕೆಲಸಗಳು ಎಂದೂ ಬೇರೆಬೇರೆಯಾಗಿರಲಿಲ್ಲ. ಮ್ಯಾಲೆಸನ್ ಹುಟ್ಟಿದ್ದು 1888ರ ಮೇ 25ರಂದು, ಲಂಡನ್ನಿನ ದಕ್ಷಿಣಕ್ಕಿರುವ ಕ್ರಾಯ್ಡನ್‌ನಲ್ಲಿ. ಓದಿದ್ದು ಬ್ರೈಟನ್ ಕಾಲೇಜಿನಲ್ಲಿ, ಆಮೇಲೆ ಕೇಂಬ್ರಿಜ್‌ನ ಇಮ್ಯಾನ್ಯುಯಲ್ ಕಾಲೇಜಿನಲ್ಲಿ. ವಿದ್ಯಾರ್ಥಿಯಾಗಿದ್ದಾಗ ಚರ್ಚಾಕೂಟದ ಭೋಜನಕ್ಕೆ ಬರಬೇಕಿದ್ದ ರಾಜಕಾರಣಿಯೊಬ್ಬರು ಬಾರದೆ ಹೋದಾಗ, ತಾವೇ ಆ ರಾಜಕಾರಣಿಯೆಂದು ನಂಬಿಸಿ ಭಾಷಣ ಮಾಡಿ ಮುಗಿಸಿದರು ಎಂಬ ಪ್ರಸಂಗ ಅವರ ಬಗ್ಗೆ ಬರೆದವರೆಲ್ಲರೂ ಹೇಳುವಂಥದ್ದು. ವೇಷ ಹಾಕಿ ನಂಬಿಸುವುದರ ಜೊತೆಗೆ, ಆ ವೇಷಕ್ಕೆ ತಕ್ಕ ಮಾತನ್ನು ನಿಂತಲ್ಲೇ ಹೊಸೆಯುವ ಶಕ್ತಿಯೂ ಅವರಲ್ಲಿ ಆಗಲೇ ಇತ್ತು ಎಂಬುದು ಅದರಿಂದ ತಿಳಿಯುತ್ತದೆ. ಮುಂದೆ ಅವರು ಲಂಡನ್ನಿನ ನಾಟಕ ಶಾಲೆಯಲ್ಲಿ ಕಲಿತು, 1911ರಲ್ಲಿ ಲಿವರ್‌ಪೂಲ್‌ನ ರಂಗಭೂಮಿಯಲ್ಲಿ ವೃತ್ತಿಜೀವನವನ್ನು ಆರಂಭಿಸಿದರು.

ಅವರನ್ನು ನಗಿಸುವ ಮುದುಕನೆಂದು ಮಾತ್ರ ಬಲ್ಲವರಿಗೆ ತಿಳಿಯದ ಅಧ್ಯಾಯವೊಂದು ಇಲ್ಲಿದೆ. 1914ರಲ್ಲಿ ಯುದ್ಧ ಶುರುವಾದಾಗ ಮ್ಯಾಲೆಸನ್ ತಾವಾಗಿಯೇ ಸೈನ್ಯಕ್ಕೆ ಸೇರಿದರು. ಅವರನ್ನು ಮಾಲ್ಟಾ ದ್ವೀಪಕ್ಕೆ ಕಳುಹಿಸಲಾಯಿತು. ಆರೋಗ್ಯ ಕೆಟ್ಟು 1915ರ ಜನವರಿಯಲ್ಲಿ ಬಿಡುಗಡೆಯಾಗಿ ಊರಿಗೆ ಮರಳಿದ ಮೇಲೆ ಅವರು ಯುದ್ಧದ ವಿರೋಧಿಯಾದರು. ಬಲವಂತದ ಸೈನ್ಯಭರ್ತಿಯನ್ನು ಒಪ್ಪದೆ ಜೈಲಿಗೆ ಹೋಗುತ್ತಿದ್ದವರ ಪರವಾಗಿ ಕಿರುಹೊತ್ತಗೆಗಳನ್ನು ಬರೆದರು. 1916ರಲ್ಲಿ ಅವರ ಎರಡು ಯುದ್ಧನಾಟಕಗಳು ಒಂದೇ ಪುಸ್ತಕವಾಗಿ ಅಚ್ಚಾದವು. ಎರಡನೆಯ ನಾಟಕದಲ್ಲಿ, ಶೌರ್ಯಕ್ಕೆ ಪದಕ ಪಡೆದು ಮನೆಗೆ ಬಂದ ಸೈನಿಕ ತಾನು ಕೊಂದವರ ನೆನಪನ್ನು ತಾಳಲಾರದೆ ಮತ್ತೆ ಯುದ್ಧಭೂಮಿಗೆ ಹೋಗಲು ಒಪ್ಪುವುದಿಲ್ಲ. ಬ್ರಿಟಿಷ್ ಸೈನಿಕನಿಗೆ ಮಾಡಿದ ಅವಮಾನ ಇದು ಎಂದು ಸರ್ಕಾರ ತೀರ್ಮಾನಿಸಿತು, ಪೊಲೀಸರು ಪ್ರತಿಗಳನ್ನು ಜಪ್ತಿ ಮಾಡಿದರು. ಮಗ ಪದಕ ಪಡೆದನೆಂದು ಸಂಭ್ರಮಿಸುವ ಮನೆ, ಆ ಸಂಭ್ರಮದ ನಡುವೆ ಮಾತು ಹೊರಡದೆ ಕುಳಿತ ಮಗ: ಯುದ್ಧ ನಡೆಯುತ್ತಿರುವಾಗಲೇ ಇದನ್ನು ಬರೆಯಲು ಎಂಥ ಎದೆಗಾರಿಕೆ ಬೇಕಿತ್ತು ಎಂಬುದನ್ನು ನಾವು ನಿಧಾನವಾಗಿ ಯೋಚಿಸಬೇಕು.

ಅಲ್ಲಿಂದ ಮುಂದೆ ಅವರು ಸ್ವತಂತ್ರ ಲೇಬರ್ ಪಕ್ಷದ ಕಲಾ ಸಂಘದ ಹೊಣೆ ಹೊತ್ತು, ಕಾರ್ಮಿಕರ ಹವ್ಯಾಸಿ ನಾಟಕ ತಂಡಗಳಿಗಾಗಿ ದುಡಿದರು. ಕೂಲಿ ಕಡಿತದ ವಿರುದ್ಧ ಸಂಘ ಕಟ್ಟಿದ ತಪ್ಪಿಗೆ 1834ರಲ್ಲಿ ಆಸ್ಟ್ರೇಲಿಯಾಕ್ಕೆ ಗಡೀಪಾರಾದ ಟಾಲ್‌ಪಡಲ್ ಹಳ್ಳಿಯ ಆರು ಮಂದಿ ರೈತ ಕೂಲಿಗಳ ಕಥೆಯನ್ನು, ಆ ಘಟನೆಗೆ ನೂರು ವರ್ಷ ತುಂಬಿದ ಹೊತ್ತಿನಲ್ಲಿ ಹ್ಯಾರಿ ಬ್ರೂಕ್ಸ್ ಜೊತೆಗೂಡಿ ನಾಟಕವಾಗಿಸಿದರು. ಹಗಲು ಹೋಟೆಲಿನಲ್ಲಿ ದುಡಿದು, ಸಂಜೆ ಮುಂಬಯಿ ಫೋರ್ಟ್‌ನ ಕನ್ನಡ ರಾತ್ರಿಶಾಲೆಗಳಲ್ಲಿ ಓದಿ, ಶಾಲೆಯ ವಾರ್ಷಿಕೋತ್ಸವದ ನಾಟಕಕ್ಕೆ ಬಣ್ಣ ಹಚ್ಚಿದ ನಮ್ಮ ಹಿರಿಯರಿಗೆ ಇಂಥ ರಂಗಭೂಮಿಯ ಅರ್ಥವನ್ನು ವಿವರಿಸಬೇಕಾಗಿಲ್ಲ.

ಚಲನಚಿತ್ರ ಅವರ ಮುಖ್ಯ ಉದ್ಯೋಗವಾದದ್ದು ಮಾತಿನ ಚಿತ್ರಗಳು ಬಂದ ನಂತರ, ಅಂದರೆ ಅವರಿಗೆ ನಲವತ್ತು ದಾಟಿದ ಮೇಲೆ. ‘ನೆಲ್ ಗ್ವಿನ್’ (1934), ‘ಟ್ಯೂಡರ್ ರೋಸ್’ (1936), ‘ವಿಕ್ಟೋರಿಯಾ ದಿ ಗ್ರೇಟ್’ (1937) ಮುಂತಾದ ಐತಿಹಾಸಿಕ ಚಿತ್ರಗಳಿಗೆ ಬರೆದರು. ಬರೆದ ಚಿತ್ರಗಳಲ್ಲಿ ತಮಗೂ ಒಂದು ಮೂಲೆಯ ಪಾತ್ರವನ್ನು ಇಟ್ಟುಕೊಳ್ಳುವುದು ಅವರ ರೂಢಿಯಾಗಿತ್ತು. ಹೀಗಾಗಿ ‘ಸಣ್ಣ ಪಾತ್ರವನ್ನು ಏಕೆ ಒಪ್ಪಿಕೊಂಡರು’ ಎಂಬ ತಮ್ಮ ಪ್ರಶ್ನೆಗೆ ಉತ್ತರ ಸರಳವಾಗಿದೆ: ಅವರ ಲೆಕ್ಕದಲ್ಲಿ ಅದು ಸಣ್ಣದಾಗಿರಲಿಲ್ಲ.

ಪ್ರಶ್ನೆ (ಮಾಟುಂಗದಿಂದ): ನಮ್ಮ ಸಾಬುಗೆ ಇಂಗ್ಲಿಷ್ ಮಾತು ಬರೆದುಕೊಟ್ಟವರು ಇವರೇ ಎಂದರೆ ಕುತೂಹಲವಾಗುತ್ತದೆ. ಆ ಚಿತ್ರದ ಬಗ್ಗೆ ಇನ್ನಷ್ಟು ತಿಳಿಸುವಿರಾ?

ಉತ್ತರ: ಸಾಬು 1924ರಲ್ಲಿ ಈಗಿನ ಹೆಗ್ಗಡದೇವನಕೋಟೆ ತಾಲೂಕಿನ ಕಾರಾಪುರದಲ್ಲಿ ಮಾವುತನ ಮಗನಾಗಿ ಹುಟ್ಟಿ, ಮೈಸೂರಿನಲ್ಲಿ ಚಿತ್ರೀಕರಣಗೊಂಡ ‘ಎಲಿಫೆಂಟ್ ಬಾಯ್’ (1937) ಮೂಲಕ ಪ್ರಸಿದ್ಧನಾದ ಹುಡುಗ ಎಂಬುದನ್ನು ಕಳೆದ ಸಲ ಹೇಳಿದ್ದೆ. ‘ದಿ ಥೀಫ್ ಆಫ್ ಬಾಗ್ದಾದ್’ (1940) ಅಲೆಕ್ಸಾಂಡರ್ ಕೋರ್ಡಾ ಅವರ ನಿರ್ಮಾಣ. ಲಂಡನ್ನಿನ ಬಳಿಯ ಡೆನಮ್ ಸ್ಟುಡಿಯೋದಲ್ಲಿ ಚಿತ್ರೀಕರಣ ನಡೆಯುತ್ತಿರುವಾಗಲೇ ಎರಡನೆಯ ಮಹಾಯುದ್ಧ ಶುರುವಾದದ್ದರಿಂದ ಉಳಿದ ಭಾಗವನ್ನು ಅಮೆರಿಕದಲ್ಲಿ ಮುಗಿಸಬೇಕಾಯಿತು. ನಿರ್ದೇಶಕರೆಂದು ಮೂವರ ಹೆಸರಿದೆ: ಲುಡ್ವಿಗ್ ಬರ್ಗರ್, ಮೈಕೆಲ್ ಪೊವೆಲ್, ಟಿಮ್ ವೀಲನ್. ಬಣ್ಣದ ಛಾಯಾಗ್ರಹಣ, ಕಲಾನಿರ್ದೇಶನ ಮತ್ತು ವಿಶೇಷ ದೃಶ್ಯತಂತ್ರಕ್ಕಾಗಿ ಚಿತ್ರಕ್ಕೆ ಮೂರು ಆಸ್ಕರ್‌ಗಳು ಬಂದವು. ಅಷ್ಟೆಲ್ಲ ಕೈಗಳು ಸೇರಿದ ಚಿತ್ರಕ್ಕೆ ಒಂದೇ ಉಸಿರು ಇದ್ದಂತೆ ತೋರುವುದಕ್ಕೆ ಅದರ ಮಾತುಗಾರಿಕೆಯೂ ಒಂದು ಕಾರಣ ಎಂಬುದು ನನ್ನ ಅಭಿಪ್ರಾಯ. ಸಾಬು ಮಾಡಿದ ಅಬೂ ತನ್ನ ಪರಿಚಯ ಹೇಳಿಕೊಳ್ಳುವ ರೀತಿಯನ್ನೇ ನೋಡಿ: ತಾನು ಕಳ್ಳ ಅಬೂ, ಕಳ್ಳ ಅಬೂವಿನ ಮಗ, ಕಳ್ಳ ಅಬೂವಿನ ಮೊಮ್ಮಗ ಎಂದು ಅವನು ವಂಶಾವಳಿಯನ್ನು ಹೆಮ್ಮೆಯಿಂದ ಒಪ್ಪಿಸುತ್ತಾನೆ. ಯಕ್ಷಗಾನದ ಒಡ್ಡೋಲಗದಲ್ಲಿ ವೇಷ ಬಂದು ತನ್ನ ಕುಲಗೋತ್ರ ಹೇಳಿಕೊಳ್ಳುವುದನ್ನು ಕೇಳಿ ಬೆಳೆದವರಿಗೆ ಆ ಮಾತಿನ ಸೊಗಸು ಕೂಡಲೇ ಹಿಡಿಸುತ್ತದೆ.

ಇನ್ನು ಸುಲ್ತಾನ. ಆತನಿಗೆ ಯಂತ್ರದ ಆಟಿಕೆಗಳ ಹುಚ್ಚು. ಕೀಲಿ ಕೊಟ್ಟರೆ ಕುಣಿಯುವ, ಗಂಟೆ ಬಾರಿಸುವ ಗೊಂಬೆಗಳನ್ನು ಅರಮನೆಯ ತುಂಬ ಕೂಡಿಟ್ಟುಕೊಂಡಿದ್ದಾನೆ. ದುಷ್ಟ ಮಂತ್ರಿ ಜಾಫರ್ ತಂದ ಹಾರುವ ಯಂತ್ರಕುದುರೆಯ ಆಸೆಗೆ ಬಿದ್ದು ಮಗಳನ್ನೇ ಅವನಿಗೆ ಕೊಡಲು ಒಪ್ಪುತ್ತಾನೆ. ಕಡೆಗೆ ಅದೇ ಜಾಫರ್ ತಂದ ಹಲವು ಕೈಗಳ ಬೆಳ್ಳಿಯ ಗೊಂಬೆಯನ್ನು ಅಪ್ಪಿಕೊಂಡಾಗ, ಆ ಕೈಗಳಲ್ಲಿ ಒಂದು ಅವನ ಬೆನ್ನಿಗೆ ಕತ್ತಿ ಇರಿಯುತ್ತದೆ. ಮ್ಯಾಲೆಸನ್ ಈ ಸುಲ್ತಾನನನ್ನು ಮೂರ್ಖನೆಂದು ಆಡಿಲ್ಲ. ದುಂಡು ಕಣ್ಣುಗಳನ್ನು ಅರಳಿಸಿಕೊಂಡು, ಜೋತುಬಿದ್ದ ಗಲ್ಲವನ್ನು ಅಲುಗಿಸುತ್ತ, ಕುದುರೆ ಹಾರಿದಾಗ ಅವರು ಪಡುವ ಸಂತೋಷ ಆರು ವರ್ಷದ ಮಗುವಿನದು. ಅದನ್ನು ಕಂಡ ಪ್ರೇಕ್ಷಕ ಅವನ ತಪ್ಪನ್ನು ತೂಗಿ ನೋಡುವುದಕ್ಕೆ ಮೊದಲೇ ಅವನ ಜೊತೆ ಸಂತೋಷಪಟ್ಟಿರುತ್ತಾನೆ. ಬೆಳ್ಳಿಯ ಗೊಂಬೆಯ ದೃಶ್ಯ ನಮ್ಮನ್ನು ಕಲಕುವುದು ಆ ಕಾರಣಕ್ಕೆ.

ಪ್ರಶ್ನೆ (ಪುಣೆಯಿಂದ): ನಮ್ಮ ತಂದೆಯವರು ಫಿಲ್ಮ್ ಸೊಸೈಟಿಯಲ್ಲಿ ನೋಡಿದ ಹಳೆಯ ಇಂಗ್ಲಿಷ್ ಚಿತ್ರವೊಂದರಲ್ಲಿ ನೇಣು ಹಾಕುವವನು ಪದ್ಯ ಓದುವ ಪ್ರಸಂಗವನ್ನು ಕೊನೆಯವರೆಗೂ ಹೇಳುತ್ತಿದ್ದರು. ಅದು ಮ್ಯಾಲೆಸನ್ ಅವರೇ ಎಂದು ಈಗ ತಿಳಿಯಿತು. ಕೆಲವೇ ನಿಮಿಷ ಬಂದು ಹೋಗುವ ಪಾತ್ರ ಅಷ್ಟು ವರ್ಷ ನೆನಪಿನಲ್ಲಿ ಉಳಿಯುವುದು ಹೇಗೆ?

ಉತ್ತರ: ಬಂದ ಪ್ರಶ್ನೆಗಳಲ್ಲಿ ನನಗೆ ಅತ್ಯಂತ ಪ್ರಿಯವಾದದ್ದು ಇದು. ಆದ್ದರಿಂದ ಸ್ವಲ್ಪ ದೀರ್ಘವಾಗಿಯೇ ಉತ್ತರಿಸುತ್ತೇನೆ. ತಮ್ಮ ತಂದೆಯವರು ನೋಡಿದ ಚಿತ್ರ ‘ಕೈಂಡ್ ಹಾರ್ಟ್ಸ್ ಅಂಡ್ ಕಾರೊನೆಟ್ಸ್’. 1949ರಲ್ಲಿ ಈಲಿಂಗ್ ಸ್ಟುಡಿಯೋ ತಯಾರಿಸಿದ ಈ ಚಿತ್ರದ ನಿರ್ದೇಶಕರು ರಾಬರ್ಟ್ ಹೇಮರ್. ಡೆನಿಸ್ ಪ್ರೈಸ್ ಮಾಡಿದ ನಾಯಕ, ತನಗೂ ಡ್ಯೂಕ್ ಪದವಿಗೂ ನಡುವೆ ನಿಂತಿರುವ ಬಂಧುಗಳನ್ನು ಒಬ್ಬೊಬ್ಬರನ್ನಾಗಿ ದಾರಿಯಿಂದ ಸರಿಸುತ್ತ ಹೋಗುತ್ತಾನೆ. ಆ ಮನೆತನದ ಎಂಟು ಮಂದಿಯ ಪಾತ್ರಗಳನ್ನು ಅಲೆಕ್ ಗಿನ್ನೆಸ್ ಒಬ್ಬರೇ ಮಾಡಿದ್ದರಿಂದ ಚಿತ್ರ ಅವರ ಹೆಸರಿನಲ್ಲೇ ಪ್ರಸಿದ್ಧವಾಗಿದೆ. ಆದರೆ ಚಿತ್ರ ತೆರೆದುಕೊಳ್ಳುವುದು ಗಿನ್ನೆಸ್ ಅವರಿಂದಲ್ಲ, ಸೆರೆಮನೆಯ ಬಾಗಿಲಿಗೆ ಬಂದು ನಿಂತ ಮ್ಯಾಲೆಸನ್ ಅವರಿಂದ. ಮರುದಿನ ಬೆಳಿಗ್ಗೆ ಒಬ್ಬ ಡ್ಯೂಕನನ್ನು ಗಲ್ಲಿಗೇರಿಸಬೇಕಾಗಿದೆ, ಆ ಕೆಲಸಕ್ಕೆ ಬಂದವನು ಈತ.

ಆ ಮೊದಲ ಕೆಲವು ನಿಮಿಷಗಳಲ್ಲಿ ಈ ಮನುಷ್ಯನ ಬಗ್ಗೆ ನಮಗೆ ಏನೇನು ತಿಳಿದುಬಿಡುತ್ತದೆ ನೋಡಿ. ಅವನಿಗೊಬ್ಬ ಗುರುವಿದ್ದ. ಆ ಗುರುವಿಗೂ ಡ್ಯೂಕನನ್ನು ಗಲ್ಲಿಗೇರಿಸುವ ಭಾಗ್ಯ ದೊರೆತಿರಲಿಲ್ಲ. ಇದು ತನ್ನ ಸೇವಾವಧಿಯ ಶಿಖರ ಎಂದು ಅವನು ತಿಳಿದಿದ್ದಾನೆ, ಇದಾದ ಮೇಲೆ ನಿವೃತ್ತನಾಗುವುದೆಂದು ನಿರ್ಧರಿಸಿದ್ದಾನೆ. ಡ್ಯೂಕನಿಗೆ ರೇಷ್ಮೆಯ ಹಗ್ಗ, ಒಮ್ಮೆ ರೇಷ್ಮೆಯನ್ನು ಹಿಡಿದ ಕೈಗೆ ಮತ್ತೆ ಸೆಣಬು ರುಚಿಸದು ಎಂಬುದು ಅವನ ಕಾರಣ. ಇಷ್ಟಾದರೂ ಅವನಿಗೊಂದು ಅಳುಕಿದೆ: ಅಂಥ ದೊಡ್ಡ ಮನುಷ್ಯನನ್ನು ಏನೆಂದು ಸಂಬೋಧಿಸಬೇಕು? ಸೆರೆಮನೆಯ ಅಧಿಕಾರಿಯನ್ನು ಕೇಳಿ ಸರಿಯಾದ ಗೌರವಪದವನ್ನು ತಿಳಿದುಕೊಳ್ಳುತ್ತಾನೆ. ಚಿತ್ರದ ಕೊನೆಗೆ ಬೆಳಗಿನ ಜಾವ ಕೈದಿಯ ಮುಂದೆ ನಿಂತು, ಇಂಥ ಸಂದರ್ಭಗಳಿಗೆಂದೇ ತಾನು ರಚಿಸಿದ ಪದ್ಯವನ್ನು ಓದಲು ಅಪ್ಪಣೆ ಕೇಳುತ್ತಾನೆ. ಓದಲು ತೊಡಗುವಷ್ಟರಲ್ಲಿ ಬಿಡುಗಡೆಯ ಸುದ್ದಿ ಬರುತ್ತದೆ, ಕವಿಯ ಕಾಗದ ಕೈಯಲ್ಲೇ ಉಳಿಯುತ್ತದೆ.

ಕಟ್ಟಿಕೊಟ್ಟ ಮಾತು ಚೆನ್ನಾಗಿದೆ, ಆದ್ದರಿಂದ ಯಾರು ಆಡಿದ್ದರೂ ನಗು ಬರುತ್ತಿತ್ತು ಎನ್ನಬಹುದು. ನಗು ಬರುತ್ತಿತ್ತು, ನಿಜ. ಆದರೆ ಅದು ನಲವತ್ತು ವರ್ಷ ಉಳಿಯುತ್ತಿರಲಿಲ್ಲ. ಮ್ಯಾಲೆಸನ್ ಮಾಡಿದ್ದೇನೆಂದರೆ, ತಾನು ಹಾಸ್ಯಪಾತ್ರ ಎಂಬ ಸುಳಿವನ್ನೇ ಆ ಮನುಷ್ಯನಿಗೆ ಕೊಡಲಿಲ್ಲ. ಮದುವೆಮನೆಗೆ ಬಂದ ಪುರೋಹಿತರು ಸಂಪ್ರದಾಯದಲ್ಲಿ ಒಂದಿಷ್ಟೂ ಲೋಪವಾಗದಂತೆ ಎಚ್ಚರ ವಹಿಸುವ ಹಾಗೆ ಅವನು ತನ್ನ ಕೆಲಸದ ಮರ್ಯಾದೆಯನ್ನು ಕಾಯುತ್ತಾನೆ. ಅವನ ಪದ್ಯವೂ ಅವನ ಮಟ್ಟಿಗೆ ಪ್ರಾಮಾಣಿಕ ಕಾವ್ಯ. ಪ್ರಪಂಚದಲ್ಲಿ ಪ್ರತಿಯೊಬ್ಬನೂ ತನ್ನ ಕಥೆಗೆ ತಾನೇ ನಾಯಕ, ಸೆರೆಮನೆಗೆ ಹಗ್ಗ ತಂದವನೂ ಅದಕ್ಕೆ ಹೊರತಲ್ಲ. ನಾಟಕ ಬರೆದು ಅಭ್ಯಾಸವಿದ್ದವರಿಗೆ ಇದು ಗೊತ್ತಿರುತ್ತದೆ, ಏಕೆಂದರೆ ಬರೆಯುವಾಗ ದೂತನ ಬಾಯಿಗೂ ರಾಜನ ಬಾಯಿಗೂ ಮಾತು ಕೊಡಬೇಕಾದವರು ಅವರೇ. ಮ್ಯಾಲೆಸನ್ ನಟನಾಗಿ ಎರಡು ನಿಮಿಷ ಬಂದರೂ, ಆ ಎರಡು ನಿಮಿಷದ ಹಿಂದೆ ನಾಟಕಕಾರನೊಬ್ಬ ಆ ಮನುಷ್ಯನ ಇಡೀ ಬದುಕನ್ನು ಬರೆದು ಇಟ್ಟಿರುವಂತೆ ಭಾಸವಾಗುತ್ತದೆ.

ಇದಕ್ಕಿಂತಲೂ ಚಿಕ್ಕ ಪಾತ್ರವೊಂದಿದೆ, ಅದರಲ್ಲಿ ಇರುವುದು ಒಂದೇ ಮಾತು. ಅದೇ ಈಲಿಂಗ್ ಸ್ಟುಡಿಯೋದ ‘ಡೆಡ್ ಆಫ್ ನೈಟ್’ (1945) ಹಲವು ಭಯದ ಕಥೆಗಳನ್ನು ಪೋಣಿಸಿದ ಚಿತ್ರ. ಅಪಘಾತದಲ್ಲಿ ಗಾಯಗೊಂಡ ಮೋಟರ್ ರೇಸಿನ ಸ್ಪರ್ಧಿಯೊಬ್ಬ ಆಸ್ಪತ್ರೆಯಲ್ಲಿ ರಾತ್ರಿ ಪರದೆ ಸರಿಸಿ ನೋಡಿದರೆ ಹೊರಗೆ ಹಗಲಾಗಿದೆ, ಕೆಳಗೆ ಕುದುರೆ ಕಟ್ಟಿದ ಹೆಣದ ಬಂಡಿ ನಿಂತಿದೆ. ಸಾರಥಿ ತಲೆಯೆತ್ತಿ ನಗುಮುಖದಿಂದ, ‘ಒಳಗೆ ಒಬ್ಬರಿಗೆ ಮಾತ್ರ ಜಾಗವಿದೆ, ಸ್ವಾಮಿ’ ಎನ್ನುತ್ತಾನೆ. ಆಸ್ಪತ್ರೆಯಿಂದ ಹೊರಬಂದ ಮೇಲೆ ಬಸ್ಸು ಹತ್ತಲು ಹೋದಾಗ ಅದೇ ಮುಖದ ಕಂಡಕ್ಟರ್ ಅದೇ ಮಾತನ್ನು ಅದೇ ಸೌಜನ್ಯದಿಂದ ಹೇಳುತ್ತಾನೆ. ಅವನು ಹೆದರಿ ಹಿಂದೆ ಸರಿಯುತ್ತಾನೆ, ಹೊರಟ ಬಸ್ಸು ಕಣ್ಣೆದುರಿಗೇ ಅಪಘಾತಕ್ಕೆ ಈಡಾಗುತ್ತದೆ. ಇ. ಎಫ್. ಬೆನ್ಸನ್ ಅವರ ಸಣ್ಣಕಥೆಯೊಂದು ಇದಕ್ಕೆ ಮೂಲ.

ಬೇರೆ ನಟರಾಗಿದ್ದರೆ ಆ ಮಾತನ್ನು ಗಡಸು ದನಿಯಲ್ಲಿ, ಕಣ್ಣು ಕೆರಳಿಸಿ ಹೇಳುತ್ತಿದ್ದರು. ಮ್ಯಾಲೆಸನ್ ಹೇಳಿದ್ದು ಉಪಕಾರ ಮಾಡುವವನ ದನಿಯಲ್ಲಿ. ಮುಂಬಯಿಯ ಬೆಸ್ಟ್ ಬಸ್ಸಿನಲ್ಲಿ ಅರ್ಧ ಆಯುಷ್ಯ ಕಳೆದ ನಮಗೆ ‘ಪುಢೇ ಚಲಾ’ (ಮುಂದೆ ಸರಿಯಿರಿ) ಎಂಬ ಕಂಡಕ್ಟರರ ಮರಾಠಿ ಕೂಗು ಎಷ್ಟು ಪರಿಚಿತವೋ, ಲಂಡನ್ನಿನವರಿಗೆ ಒಳಗೆ ಜಾಗವಿದೆಯೆನ್ನುವ ಮಾತು ಅಷ್ಟೇ ಪರಿಚಿತ. ದಿನವೂ ಕೇಳುವ ಮಾತಿನಲ್ಲೇ ಸಾವಿನ ಕರೆ ಅಡಗಿರುವುದರಿಂದ ಅದು ಮೈ ನಡುಗಿಸುತ್ತದೆ. ನಾನು ಆ ಚಿತ್ರವನ್ನು ಮೊದಲು ನೋಡಿದ ರಾತ್ರಿ ಫ್ಲೋರಾ ಫೌಂಟನ್ ಬಳಿ ಕೊನೆಯ ಬಸ್ಸಿಗಾಗಿ ನಿಂತಿದ್ದವನು, ಕಂಡಕ್ಟರರ ಮುಖವನ್ನು ಚೆನ್ನಾಗಿ ನೋಡಿದ ಮೇಲೆಯೇ ಮೆಟ್ಟಿಲ ಮೇಲೆ ಕಾಲಿಟ್ಟೆ.

ಪ್ರಶ್ನೆ (ಮುಲುಂಡ್‌ನಿಂದ, ಹವ್ಯಾಸಿ ಯಕ್ಷಗಾನ ಕಲಾವಿದರೊಬ್ಬರು): ಪಾದ್ರಿ, ನ್ಯಾಯಾಧೀಶ, ವೈದ್ಯ, ಮರೆಗುಳಿ ಮುದುಕ: ಒಂದೇ ಬಗೆಯ ಪಾತ್ರಗಳಲ್ಲಿ ಇಂಥ ಪ್ರತಿಭೆ ವ್ಯರ್ಥವಾಯಿತು ಅನ್ನಿಸುವುದಿಲ್ಲವೇ?

ಉತ್ತರ: ಕೆಲವು ಚಿತ್ರಗಳ ಮಟ್ಟಿಗೆ ತಮ್ಮ ಮಾತನ್ನು ಒಪ್ಪುತ್ತೇನೆ. ಮೂವತ್ತು ವರ್ಷಗಳಲ್ಲಿ ಸುಮಾರು ನೂರು ಚಿತ್ರಗಳಲ್ಲಿ ನಟಿಸಿದವರಿಗೆ ಪ್ರತಿ ಸಲವೂ ಹೊಸ ಮನುಷ್ಯ ಸಿಗಲಾರ. ನಿರ್ಮಾಪಕರು ಅವರ ಗಲ್ಲವನ್ನೂ ಕೆದರಿದ ಕೂದಲನ್ನೂ ಗೊಣಗುವ ದನಿಯನ್ನೂ ನೋಡಿ ಕರೆದರೇ ಹೊರತು, ಸೈನಿಕನ ಮೌನವನ್ನು ಬರೆದವರು ಇವರೆಂದು ನೋಡಿ ಕರೆಯಲಿಲ್ಲ. ಅವರಿಗೆ ಗಂಭೀರವಾದ ಒಂದು ದೊಡ್ಡ ಪಾತ್ರವನ್ನು ಯಾವ ನಿರ್ದೇಶಕನೂ ಕೊಡದಿದ್ದುದು ಆ ಕಾಲದ ಬ್ರಿಟಿಷ್ ಚಿತ್ರರಂಗದ ಕೊರತೆ ಎಂದೇ ನಾನು ತಿಳಿಯುತ್ತೇನೆ.

ಆದರೆ ಯಕ್ಷಗಾನ ಬಲ್ಲ ತಮಗೆ ಒಂದು ಮಾತು ನೆನಪಿಸಬಹುದು. ಮಳೆಗಾಲದಲ್ಲಿ ಊರಿನ ಕಲಾವಿದರು ಮುಂಬಯಿಗೆ ಬಂದಾಗ ಹಾಸ್ಯಗಾರರು ಒಂದೇ ರಾತ್ರಿಯಲ್ಲಿ ದೂತ, ಅಂಬಿಗ, ಮುದಿ ಬ್ರಾಹ್ಮಣ, ಅಗಸ ಎಂದು ನಾಲ್ಕು ವೇಷ ಮಾಡುವುದನ್ನು ತಾವು ಕಂಡಿದ್ದೀರಿ. ಸಾಮಾನ್ಯ ಹಾಸ್ಯಗಾರರಲ್ಲಿ ನಾಲ್ವರೂ ಒಬ್ಬನೇ ಆಗಿರುತ್ತಾರೆ. ಸಮರ್ಥರಲ್ಲಿ ಅಂಬಿಗನ ನಡಿಗೆಗೆ ದೋಣಿಯ ಅಲುಗಾಟ ಇರುತ್ತದೆ. ಆಸ್ಕರ್ ವೈಲ್ಡ್ ನಾಟಕವನ್ನು ಆಧರಿಸಿದ ‘ದಿ ಇಂಪಾರ್ಟೆನ್ಸ್ ಆಫ್ ಬೀಯಿಂಗ್ ಅರ್ನೆಸ್ಟ್’ (1952) ಚಿತ್ರದಲ್ಲಿ ಮ್ಯಾಲೆಸನ್ ಪಾದ್ರಿ ಚಾಸುಬಲ್. ಮಾರ್ಗರೆಟ್ ರದರ್‌ಫರ್ಡ್ ಮಾಡಿದ ಮಿಸ್ ಪ್ರಿಸಮ್ ಜೊತೆಗೆ ಆ ಪಾದ್ರಿ ತೋರುವ ಸಂಕೋಚದ ಒಲವು, ತಡವಾಗಿ ಪ್ರೀತಿ ಕಂಡ ಸಭ್ಯನದು. ‘ದಿ ಹೌಂಡ್ ಆಫ್ ದಿ ಬಾಸ್ಕರ್‌ವಿಲ್ಸ್’ (1959) ಚಿತ್ರದಲ್ಲಿಯೂ ಅವರು ಚರ್ಚಿನವರೇ, ಬಿಷಪ್. ಆದರೆ ಈ ಬಿಷಪ್ಪರಿಗೆ ಜೇಡಗಳನ್ನು ಸಾಕುವ ಗೀಳು. ಸಾಕಿದ ವಿಷದ ಜೇಡವೊಂದು ಕಾಣೆಯಾಗಿದೆ ಎನ್ನುವಾಗಲೂ ಅವರಿಗೆ ಅದರ ಮೇಲಿನ ಅಕ್ಕರೆಯೇ ಮುಂದು. ಇಬ್ಬರ ನಿಲುವಂಗಿ ಒಂದೇ, ಒಳಗಿರುವ ಮನುಷ್ಯರು ಬೇರೆ.

ಭಯದ ಚಿತ್ರಗಳಿಗೆ ಹೆಸರಾದ ಹ್ಯಾಮರ್ ಕಂಪನಿಯ ‘ಡ್ರಾಕುಲಾ’ (1958) ಚಿತ್ರದಲ್ಲಿ ಶವಸಂಸ್ಕಾರದ ವ್ಯವಸ್ಥೆ ಮಾಡುವ ಅಂಗಡಿಯವನಾಗಿ ಅವರು ನಗುತ್ತ ವ್ಯಾಪಾರ ಮಾಡುವ ದೃಶ್ಯವೂ ಇದೇ ಬಗೆಯದು. ಇವೆಲ್ಲಕ್ಕಿಂತ ಧೈರ್ಯದ ಪಾತ್ರ ‘ಪೀಪಿಂಗ್ ಟಾಮ್’ (1960) ಚಿತ್ರದಲ್ಲಿದೆ. ಮರ್ಯಾದಸ್ಥ ವೃದ್ಧರೊಬ್ಬರು ಪತ್ರಿಕೆಯ ಅಂಗಡಿಗೆ ಬಂದು, ಅಕ್ಕಪಕ್ಕ ನೋಡಿ, ಗುಟ್ಟಾಗಿ ಹೆಂಗಸರ ಚಿತ್ರಗಳನ್ನು ಕೊಳ್ಳುತ್ತಾರೆ. ನಡುವೆ ಪುಟ್ಟ ಹುಡುಗಿ ಮಿಠಾಯಿಗೆ ಬಂದಾಗ ಅವರು ನಾಚಿ ಮುದುಡುವುದನ್ನು ನೋಡಿ ನಗುವ ನಾವು, ನಗುತ್ತಿರುವಾಗಲೇ ತಲೆ ತಗ್ಗಿಸುತ್ತೇವೆ. ಈ ಚಿತ್ರದ ನಿರ್ದೇಶಕರು, ಇಪ್ಪತ್ತು ವರ್ಷ ಹಿಂದೆ ಸುಲ್ತಾನನ ಚಿತ್ರದ ಮೂವರು ನಿರ್ದೇಶಕರಲ್ಲಿ ಒಬ್ಬರಾಗಿದ್ದ ಅದೇ ಮೈಕೆಲ್ ಪೊವೆಲ್.

ಪ್ರಶ್ನೆ (ಮಡಗಾಂವ್‌ನಿಂದ): ಅವರು ಮೋಲಿಯೇರ್ ನಾಟಕಗಳನ್ನು ಇಂಗ್ಲಿಷಿಗೆ ತಂದವರೆಂದು ಓದಿದ್ದೆ. ನಿಜವೇ? ಅವರ ಕೊನೆಯ ದಿನಗಳು ಹೇಗಿದ್ದವು?

ಉತ್ತರ: ನಿಜ. ಫ್ರೆಂಚ್ ನಾಟಕಕಾರ ಮೋಲಿಯೇರ್‌ನ ಹಲವು ನಾಟಕಗಳನ್ನು ಮ್ಯಾಲೆಸನ್ ಆಡುಮಾತಿನ ಇಂಗ್ಲಿಷಿಗೆ ತಿರುಗಿಸಿದರು. 1950ರ ಸುಮಾರಿಗೆ ಓಲ್ಡ್ ವಿಕ್ ತಂಡ ಆಡಿದ ಜಿಪುಣನ ನಾಟಕದಲ್ಲಿ ಆ ಜಿಪುಣನೂ ಅವರೇ. ಇಂಗ್ಲೆಂಡಿನ ಹವ್ಯಾಸಿ ತಂಡಗಳು ಮೋಲಿಯೇರನನ್ನು ಧೈರ್ಯದಿಂದ ರಂಗಕ್ಕೆ ತಂದದ್ದರಲ್ಲಿ ಅವರ ರೂಪಾಂತರಗಳ ಪಾಲು ದೊಡ್ಡದು. ಅದೇ ಮೋಲಿಯೇರನ ‘ತಾರ್ತ್ಯೂಫ್’ ಎ. ಎನ್. ಮೂರ್ತಿರಾಯರ ಕೈಯಲ್ಲಿ ‘ಆಷಾಢಭೂತಿ’ಯಾದದ್ದು ನಮಗೆಲ್ಲ ತಿಳಿದ ವಿಷಯ. ಮೂರ್ತಿರಾಯರ ಡಾಂಭಿಕ ನಮ್ಮೂರಿನವನೇ ಆಗಿಬಿಟ್ಟಂತೆ, ಮ್ಯಾಲೆಸನ್ ಅವರ ಜಿಪುಣ ಲಂಡನ್ನಿನವನಾದ.

ಅರವತ್ತರ ದಶಕದಲ್ಲಿ ಅವರ ಕಣ್ಣು ಮಂಜಾಗುತ್ತ ಹೋಯಿತು. ಕಿವಿ ಮಂದವಾಗಿದ್ದರೂ ದಶಕಗಳ ಕಾಲ ಕನ್ನಡ ತೆರೆಯ ಮೇಲೆ ಉಳಿದ ಟಿ. ಎನ್. ಬಾಲಕೃಷ್ಣ ಅವರು ಇಲ್ಲಿ ನೆನಪಾಗುತ್ತಾರೆ. ಆದರೆ ಮ್ಯಾಲೆಸನ್ ಅವರಿಗೆ ದೃಷ್ಟಿಯ ತೊಂದರೆಯಿಂದ 1965ರ ನಂತರ ಚಿತ್ರಗಳಲ್ಲಿ ನಟಿಸಲು ಸಾಧ್ಯವಾಗಲಿಲ್ಲ. 1969ರ ಮಾರ್ಚ್‌ನಲ್ಲಿ, ಕಣ್ಣಿನ ಪೊರೆ ತೆಗೆಯುವ ಶಸ್ತ್ರಚಿಕಿತ್ಸೆಯ ಬಳಿಕ, ಎಂಬತ್ತನೆಯ ವಯಸ್ಸಿನಲ್ಲಿ ತೀರಿಕೊಂಡರು. ಲಂಡನ್ನಿನ ಸೇಂಟ್ ಮಾರ್ಟಿನ್ ಇನ್ ದ ಫೀಲ್ಡ್ಸ್ ಚರ್ಚಿನಲ್ಲಿ ಅವರ ಸ್ಮರಣೆಗಾಗಿ ಪ್ರಾರ್ಥನಾಸಭೆ ನಡೆಯಿತು. ಅಲ್ಲಿ ಎದ್ದು ನಿಂತು ವಾಚನ ಮಾಡಿದವರು ಇಂಗ್ಲಿಷ್ ರಂಗಭೂಮಿಯ ಹೆಸರಾಂತ ಕಲಾವಿದರಾದ ಸಿಬಿಲ್ ಥಾರ್ನ್‌ಡೈಕ್ ಮತ್ತು ಲಾರೆನ್ಸ್ ಒಲಿವಿಯೇ.